ಸೇಬಿನ ಸೈಡರ್ ಹಾಕಿದ ವಿಸ್ಕಿ ಕಾಕ್‌ಟೇಲ್ ಯಾಕೆ ಸಪ್ಪೆ ಆಗುತ್ತೆ?

ಮಂಜುಗಡ್ಡೆ:
ಶರತ್ಕಾಲ ಬಂತು ಅಂದ್ರೆ ವಿಸ್ಕಿಗೆ ಸೇಬಿನ ಸೈಡರ್ ಬೆರೆಸಿದ ಕಾಕ್‌ಟೇಲ್ ಫೋಟೋಗಳು ಎಲ್ಲ ಕಡೆ ಓಡಾಡುತ್ತವೆ. ರೆಸಿಪಿ ಹೆಚ್ಚುಕಮ್ಮಿ ಒಂದೇ. 60 ಮಿ.ಲೀ. ಬರ್ಬನ್ (ಮೆಕ್ಕೆಜೋಳದ ಅಮೆರಿಕನ್ ವಿಸ್ಕಿ), 120 ಮಿ.ಲೀ. ಸೈಡರ್, 15 ಮಿ.ಲೀ. ಮೇಪಲ್ ಸಿರಪ್, ಐಸ್, ಮೇಲೊಂದು ಚಕ್ಕೆ ಕಡ್ಡಿ. ನೋಡೋಕೆ ಚೆನ್ನಾಗಿದೆ, ಕುಡಿದರೆ ಸಪ್ಪೆ. ಸಿಹಿ ಇದ್ದೂ ಸಪ್ಪೆ, ಅದು ಹೇಗೆ ಅಂತಲೇ ತಿಳಿಯುತ್ತಿಲ್ಲ. ಸೇಬಿನ ರುಚಿ ಎಲ್ಲೋ ಹಿಂದೆ ಇರುತ್ತೆ, ವಿಸ್ಕಿ ಅದಕ್ಕಿಂತ ಹಿಂದೆ, ಅರ್ಧ ಗ್ಲಾಸು ಮುಗಿಯೋ ಹೊತ್ತಿಗೆ ಐಸ್ ಕರಗಿ ಚಕ್ಕೆ ನೆನೆಸಿಟ್ಟ ನೀರಿನ ಹಾಗೆ ಆಗಿಬಿಡುತ್ತೆ. ಬರ್ಬನ್ ಬದಲಾಯಿಸಬೇಕಾ, ಸೈಡರ್ ಕಮ್ಮಿ ಮಾಡಬೇಕಾ? ಗೊತ್ತಿರೋರು ಹೇಳಿ.

ತೆಪ್ಪಗಿರೋನು:
ಸೈಡರ್ ಸೊನ್ನೆ ಮಿ.ಲೀ. ಮಾಡಿ. ಬಗೆಹರಿಯಿತು.

ರಾತ್ರಿಪಾಳಿ:
ಮೊದಲು ಯಾವ ಸೈಡರ್ ಅಂತ ಹೇಳಿ ಗುರುಗಳೇ. ಅಮೆರಿಕ, ಕೆನಡಾದ ರೆಸಿಪಿಗಳಲ್ಲಿ ಸೈಡರ್ ಅಂದ್ರೆ ಹಣ್ಣು ಅರೆದು ಹಿಂಡಿದ, ಸೋಸದ, ಹುಳಿ ಬರಿಸದ ಕಂದು ಬಣ್ಣದ ರಸ. ಬ್ರಿಟನ್ನಿನವರು ಬರೆದದ್ದಾದರೆ ಹುದುಗು ಬಂದ, ಬಿಯರ್‌ನಷ್ಟೇ ಅಮಲಿರೋ ಪಾನೀಯ. ಎರಡನ್ನೂ ಒಂದೇ ಅಳತೆಯಲ್ಲಿ ಹಾಕೋಕಾಗಲ್ಲ. ಒಂದರಲ್ಲಿ ಸಕ್ಕರೆ ಪೂರ್ತಿ ಇದೆ, ಇನ್ನೊಂದರಲ್ಲಿ ಅದರ ಬಹುಪಾಲು ಆಲ್ಕೋಹಾಲ್ ಆಗಿ ಹೋಗಿದೆ.

ಮಂಜುಗಡ್ಡೆ:
ಅಮಲಿಲ್ಲದ್ದು. ಮಬ್ಬು ಮಬ್ಬಾಗಿರುತ್ತಲ್ಲ, ತಳದಲ್ಲಿ ಗಸಿ ಕೂರುತ್ತಲ್ಲ, ಅದು.

ಲೆಕ್ಕದಮೇಷ್ಟ್ರು:
ಹಾಗಾದರೆ ಕಾರಣ ಸುಲಭ. ನಿಮ್ಮ ಗ್ಲಾಸಿನಲ್ಲಿ ಹುಳಿಯೇ ಇಲ್ಲ. ಸ್ವಲ್ಪ ಲೆಕ್ಕ ಹಾಕೋಣ, ಬೇಜಾರಾಗಬೇಡಿ.

ಸೈಡರ್‌ನಲ್ಲಿ 100 ಮಿ.ಲೀ.ಗೆ ಸುಮಾರು 11–12 ಗ್ರಾಂ ಸಕ್ಕರೆ ಇರುತ್ತದೆ. 120 ಮಿ.ಲೀ. ಹಾಕಿದರೆ 14 ಗ್ರಾಂ ಬಂತು. ಮೇಪಲ್ ಸಿರಪ್ ತೂಕದಲ್ಲಿ ಮೂರನೇ ಎರಡು ಪಾಲು ಸಕ್ಕರೆಯೇ, 15 ಮಿ.ಲೀ.ಯಲ್ಲಿ 13 ಗ್ರಾಂ. ಒಟ್ಟು 27 ಗ್ರಾಂ ಆಯಿತು. ಹುಳಿ ಎಷ್ಟು? ಸೇಬಿನಲ್ಲಿರೋದು ಮ್ಯಾಲಿಕ್ ಆಮ್ಲ, ಸೈಡರ್‌ನಲ್ಲಿ ಸುಮಾರು ಅರ್ಧ ಪರ್ಸೆಂಟ್. ಅಂದರೆ 120 ಮಿ.ಲೀ.ಗೆ 0.6 ಗ್ರಾಂ. ಸಕ್ಕರೆ-ಹುಳಿ ಲೆಕ್ಕ 45ಕ್ಕೆ 1.

ಈಗ ಒಂದು ಸಾದಾ ವಿಸ್ಕಿ ಸೌರ್ ತಗೊಳ್ಳಿ. 22 ಮಿ.ಲೀ. ನಿಂಬೆರಸ, 22 ಮಿ.ಲೀ. ಸಕ್ಕರೆ ಪಾಕ. ಪಾಕದಲ್ಲಿ ಸಕ್ಕರೆ 13 ಗ್ರಾಂ ಚಿಲ್ಲರೆ, ನಿಂಬೆಯಲ್ಲಿ ಹುಳಿ 1.3 ಗ್ರಾಂ. ಲೆಕ್ಕ 10ಕ್ಕೆ 1. ನಾಲಿಗೆಗೆ ಚುರುಕು ಅನ್ನಿಸೋದು ಈ ಆಸುಪಾಸಿನಲ್ಲಿ. ನಿಮ್ಮದು ಅದರ ನಾಲ್ಕು ಪಟ್ಟಿಗಿಂತ ಮೇಲಿದೆ. ಬರ್ಬನ್ ಬದಲಾಯಿಸಿದರೆ ಈ ಗುಣಾಕಾರ ಏನೂ ಬದಲಾಗಲ್ಲ.

ಇನ್ನು ನೀರು. 60 ಮಿ.ಲೀ. ವಿಸ್ಕಿ 45 ಪರ್ಸೆಂಟಿನದು ಅಂತ ಇಟ್ಟುಕೊಂಡರೆ ಅದರಲ್ಲಿ ಶುದ್ಧ ಆಲ್ಕೋಹಾಲ್ 27 ಮಿ.ಲೀ. ಅದನ್ನು 195 ಮಿ.ಲೀ.ಯಲ್ಲಿ ಕರಗಿಸಿದಿರಿ, ಮೇಲೆ ಐಸ್ ನೀರು ಸೇರಿತು. ಹತ್ತಿರ ಹತ್ತಿರ ಒಂದು ಲೋಟ ವೈನಿನಷ್ಟು ಶಕ್ತಿಗೆ ಇಳಿಯಿತು. ವಿಸ್ಕಿ ಕಾಣಿಸಲ್ಲ ಅಂತ ಹೇಳೋದು ಸಹಜ.

ಮಂಜುಗಡ್ಡೆ:
ಮೇಷ್ಟ್ರೇ, ಇಷ್ಟು ಲೆಕ್ಕ ನಾನು ಗ್ಲಾಸು ಹಿಡಿದು ಯಾವತ್ತೂ ಮಾಡಿಲ್ಲ. ಹಾಗಾದ್ರೆ ಸುಮ್ನೆ ನಿಂಬೆಹಣ್ಣು ಹಿಂಡಿದರೆ ಸಾಕಾ?

ಲೆಕ್ಕದಮೇಷ್ಟ್ರು:
ಅರ್ಧ ದಾರಿ. 15 ಮಿ.ಲೀ. ನಿಂಬೆರಸ ಹಾಕಿದರೆ 18ಕ್ಕೆ 1 ಆಗುತ್ತೆ. ಮೇಪಲ್ ಸಿರಪ್ ಪೂರ್ತಿ ಬಿಟ್ಟರೆ 9ಕ್ಕೆ 1. ಅಂದರೆ ಆ ಸಿರಪ್ ಬೇಕಾಗೇ ಇರಲಿಲ್ಲ, ಸೈಡರ್ರೇ ಸಿಹಿ. ಆದರೆ ನೀರಿನ ಸಮಸ್ಯೆ ಹಾಗೇ ಉಳಿಯುತ್ತೆ.

ಪೀಪಾಯಿಮಾಮ:
ಬಾಟಲಿ ಬದಲಾಯಿಸಿದರೆ ಏನೂ ಆಗಲ್ಲ ಅನ್ನೋದನ್ನ ಮೇಷ್ಟ್ರ ಹತ್ತಿರ ಒಪ್ಪಲ್ಲ ನಾನು. ಬರ್ಬನ್‌ನಲ್ಲಿ ಕಾನೂನು ಪ್ರಕಾರ ಕನಿಷ್ಠ 51 ಪರ್ಸೆಂಟ್ ಮೆಕ್ಕೆಜೋಳ, ಒಳಗೆ ಸುಟ್ಟ ಹೊಸ ಓಕ್ ಪೀಪಾಯಿ. ಅದರಿಂದ ವೆನಿಲ್ಲಾ, ಸುಟ್ಟ ಸಕ್ಕರೆ ಥರದ ರುಚಿ ಬರೋದು. ಸೈಡರ್ ಕೂಡ ಆ ಕಡೆಯದೇ. ಎರಡೂ ಒಂದೇ ದನಿಯಲ್ಲಿ ಹಾಡಿದರೆ ಯಾರ ದನಿಯೂ ಕೇಳಿಸಲ್ಲ. ರೈ ವಿಸ್ಕಿ ಹಾಕಿ ನೋಡಿ. ಅಮೆರಿಕದ ರೈ ಆದರೆ ಅದರಲ್ಲೂ ಕನಿಷ್ಠ 51 ಪರ್ಸೆಂಟ್ ರೈ ಧಾನ್ಯ ಇರಲೇಬೇಕು. ಮೆಣಸಿನ ಹಾಗೆ ಸಣ್ಣಗೆ ಚುರುಗುಟ್ಟುತ್ತೆ, ಸೇಬಿನ ಸಿಹಿಯನ್ನು ಸೀಳಿಕೊಂಡು ಮೇಲೆ ಬರುತ್ತೆ. ಕೆನಡಾದ ಬಾಟಲಿಗಳಲ್ಲಿ ಹುಷಾರು, ಅಲ್ಲಿ ರೈ ಅಂತ ಬರೆಯೋಕೆ ಇಷ್ಟೇ ರೈ ಇರಬೇಕು ಅನ್ನೋ ನಿಯಮ ಇಲ್ಲ, ತುಂಬ ಮೆತ್ತಗಿರೋದೂ ಸಿಗುತ್ತೆ.

ಬರ್ಬನ್ನೇ ಬೇಕು ಅನ್ನೋರು ಬಾಟಲ್ಡ್ ಇನ್ ಬಾಂಡ್ ಅಂತ ಬರೆದಿರೋದು ಹುಡುಕಿ. 1897ರ ಅಮೆರಿಕದ ಕಾನೂನು ಅದು. ಒಂದೇ ಡಿಸ್ಟಿಲರಿ, ಒಂದೇ ಸೀಸನ್ನಿನ ಮಾಲು, ಕನಿಷ್ಠ 4 ವರ್ಷ ಪೀಪಾಯಿಯಲ್ಲಿ, ಬಾಟಲಿಗೆ ಸರಿಯಾಗಿ 50 ಪರ್ಸೆಂಟ್. 40 ಪರ್ಸೆಂಟಿನದ್ದನ್ನು ಸೈಡರ್‌ಗೆ ಸುರಿಯೋದು ದುಂದು.

ಅಂದ ಹಾಗೆ ಇದೇನು ಹೊಸ ಫ್ಯಾಷನ್ ಅಲ್ಲ. ಸ್ಟೋನ್ ಫೆನ್ಸ್ ಅಂತ ಹಳೇ ಪಾನೀಯ ಇದೆ. ಅಮೆರಿಕ ಇನ್ನೂ ಬ್ರಿಟಿಷರ ವಸಾಹತಾಗಿದ್ದಾಗ ರಮ್ಮು ಮತ್ತು ಸೈಡರ್ ಬೆರೆಸಿ ಹೋಟೆಲುಗಳಲ್ಲಿ ಕೊಡುತ್ತಿದ್ದರು. 1775ರಲ್ಲಿ, ಅಮೆರಿಕದ ಸ್ವಾತಂತ್ರ್ಯ ಯುದ್ಧದ ಶುರುವಿನಲ್ಲಿ, ಈಥನ್ ಆ್ಯಲನ್ ಅನ್ನೋ ನಾಯಕನ ಕಡೆಯವರು ಬ್ರಿಟಿಷರ ಟಿಕಾಂಡರೋಗಾ ಕೋಟೆ ಹಿಡಿಯೋಕೆ ಹೋಗೋ ಮುಂಚೆ ಇದನ್ನೇ ಏರಿಸಿದ್ದರು ಅಂತ ಕಥೆ ಹೇಳುತ್ತಾರೆ. ಕೋಟೆ ಹಿಡಿದಿದ್ದು ನಿಜ, ಕುಡಿದಿದ್ದು ದಂತಕಥೆ. 1862ರಲ್ಲಿ ಬಾರ್‌ಟೆಂಡರ್ ಜೆರಿ ಥಾಮಸ್ ತನ್ನ ರೆಸಿಪಿಗಳನ್ನು ಅಚ್ಚು ಹಾಕಿಸುವ ಹೊತ್ತಿಗೆ ರಮ್ಮಿನ ಜಾಗಕ್ಕೆ ಬರ್ಬನ್ ಬಂದಿತ್ತು. ಒಂದು ವೈನ್ ಗ್ಲಾಸಿನಷ್ಟು ಬರ್ಬನ್, ಎರಡು ಮೂರು ಚೂರು ಐಸ್, ಉಳಿದಿದ್ದು ಸೈಡರ್. ಅಷ್ಟೇ.

ತೆಪ್ಪಗಿರೋನು:
ಮಾಮ, ಅವರ ಸ್ಟೋನ್ ಫೆನ್ಸೂ ಸಪ್ಪೆ ಇತ್ತು ಅಂತಾಯ್ತಲ್ಲ.

ಪೀಪಾಯಿಮಾಮ:
ಒಂದು ಹನಿ ಬಿಟರ್ಸ್, ಅಂದ್ರೆ ಬೇರು, ಮಸಾಲೆ ಮದ್ಯದಲ್ಲಿ ನೆನೆಸಿ ಮಾಡಿದ ಕಹಿ ಸಾರ, ಇಲ್ಲದೆ ಮಾಡಿದರೆ ಹೌದು ಮಾರಾಯ. 1806ರಲ್ಲಿ ನ್ಯೂಯಾರ್ಕ್ ರಾಜ್ಯದ ಹಡ್ಸನ್ ಊರಿನ ಒಂದು ಪತ್ರಿಕೆ ಕಾಕ್‌ಟೇಲ್ ಅಂದ್ರೇನು ಅಂತ ಬರೆದಾಗಲೇ ಲೆಕ್ಕ ಸ್ಪಷ್ಟ ಇತ್ತು: ಮದ್ಯ, ಸಕ್ಕರೆ, ನೀರು, ಬಿಟರ್ಸ್. ಸೈಡರ್‌ನಲ್ಲಿ ಸಕ್ಕರೆ ನೀರು ಎರಡೂ ಇವೆ. ಇನ್ನು ಬಾಕಿ ಇರೋದು ಕಹಿ. ಅಂಗೋಸ್ಟುರಾ ಬಿಟರ್ಸ್ ಎರಡು ಸಲ ಅಲ್ಲಾಡಿಸಿ ಹಾಕಿದರೆ ಸೇಬು ಎದ್ದು ಕೂರುತ್ತೆ.

ಚಕ್ಕೆಮೊಗ್ಗು:
ನೀವೆಲ್ಲ ಬಾಟಲಿ ಸುತ್ತಲೇ ಸುತ್ತುತ್ತಿದ್ದೀರಿ. ಕೆಲಸ ಇರೋದು ಒಲೆ ಮೇಲೆ. ಸೈಡರ್ ಬತ್ತಿಸಿ.

ಒಂದು ಲೀಟರ್ ಸೈಡರ್ ಅಗಲ ಬಾಯಿಯ ದಪ್ಪ ತಳದ ಪಾತ್ರೆಗೆ ಹಾಕಿ. ಅದಕ್ಕೂ ಮುಂಚೆ ಅದೇ ಪಾತ್ರೆಗೆ 250 ಮಿ.ಲೀ. ನೀರು ಹಾಕಿ, ಒಂದು ಮರದ ಕಡ್ಡಿ ನೆಟ್ಟಗೆ ಇಳಿಸಿ ನೀರು ಎಲ್ಲಿವರೆಗೆ ಬಂತು ಅಂತ ಗುರುತು ಮಾಡಿಕೊಳ್ಳಿ, ಆಮೇಲೆ ಕಣ್ಣಳತೆಯ ಜಗಳ ಇರಲ್ಲ. ಕುದಿ ಬರೋ ಹೊತ್ತಿಗೆ ಕಂದು ನೊರೆ ಏಳುತ್ತೆ, ಸೌಟಿನಲ್ಲಿ ತೆಗೆದುಹಾಕಿ. ನಂತರ ಉರಿ ಮಧ್ಯಮಕ್ಕೆ ಇಳಿಸಿ ಮುಚ್ಚಳ ಹಾಕದೆ ಬಿಡಿ. ಅರ್ಧ ಗಂಟೆಯಿಂದ ಮುಕ್ಕಾಲು ಗಂಟೆ ಹಿಡಿಯುತ್ತೆ, ಪಾತ್ರೆ ಎಷ್ಟು ಅಗಲ ಅನ್ನೋದರ ಮೇಲೆ. ಕೊನೆಯ ಹತ್ತು ನಿಮಿಷ ಅಲ್ಲಾಡಬೇಡಿ ಅಲ್ಲಿಂದ. ಸಕ್ಕರೆ ಜಾಸ್ತಿಯಾದ ಮೇಲೆ ತಳ ಹಿಡಿಯೋದು ಕ್ಷಣದ ಕೆಲಸ, ಹಿಡಿದರೆ ಇಡೀ ಪಾತ್ರೆ ಕಹಿ. ಕಡ್ಡಿಯ ಗುರುತಿಗೆ ಬಂದಾಗ ಇಳಿಸಿ. ಎಳೆಪಾಕದ ತನಕ ಹೋಗಬೇಡಿ, ಬೆರಳಿಗೆ ಅಂಟು ಅನ್ನಿಸಿದರೆ ಸಾಕು.

ಮಸಾಲೆ ಕೊನೆಯಲ್ಲಿ. ಒಂದು ಚಕ್ಕೆ ಕಡ್ಡಿ, ಬೇಕಿದ್ದರೆ ಅರ್ಧ ಚಕ್ರಮೊಗ್ಗು, ಲವಂಗ ಒಂದೇ ಒಂದು. ಒಲೆ ಆರಿಸಿದ ಮೇಲೆ ಹಾಕಿ ಹತ್ತು ನಿಮಿಷ ಮುಚ್ಚಿಟ್ಟು ಸೋಸಿಬಿಡಿ. ಮೊದಲಿನಿಂದಲೇ ಕುದಿಸಿದರೆ ಚಕ್ಕೆಯ ಅಂಟು ಬಿಟ್ಟು ಲೋಳೆ ಲೋಳೆ ಆಗುತ್ತೆ, ಲವಂಗ ಹಲ್ಲಿನ ಡಾಕ್ಟರ ಕೋಣೆ ನೆನಪಿಸುತ್ತೆ. ಜಾಯಿಕಾಯಿ ಮಾತ್ರ ಕುಡಿಯೋ ಮುಂಚೆ ಗ್ಲಾಸಿನ ಮೇಲೆ ತುರಿಯಿರಿ, ಅದರ ಪರಿಮಳ ಬಿಸಿಯಲ್ಲಿ ನಿಲ್ಲಲ್ಲ.

ಲೆಕ್ಕದಮೇಷ್ಟ್ರು:
ಅಕ್ಕಾ, ಇದು ಲೆಕ್ಕಕ್ಕೆ ಚೆನ್ನಾಗಿ ಕೂರುತ್ತೆ. ನಾಲ್ಕನೇ ಒಂದು ಪಾಲಿಗೆ ಬತ್ತಿಸಿದರೆ 100 ಮಿ.ಲೀ.ಗೆ ಸಕ್ಕರೆ ಸುಮಾರು 46 ಗ್ರಾಂ, ಹುಳಿ 2 ಗ್ರಾಂ. 30 ಮಿ.ಲೀ. ಹಾಕಿದರೆ 14 ಗ್ರಾಂ ಸಕ್ಕರೆ, 0.6 ಗ್ರಾಂ ಹುಳಿ. ಅಂದರೆ ಮಂಜುಗಡ್ಡೆಯವರ 120 ಮಿ.ಲೀ. ಸೈಡರ್ ಪೂರ್ತಿ ಇದರೊಳಗೇ ಇದೆ, ನೀರು ಮಾತ್ರ ಇಲ್ಲ. ಜೊತೆಗೆ 15 ಮಿ.ಲೀ. ನಿಂಬೆರಸ, ಹುಳಿ ಒಟ್ಟು 1.5 ಗ್ರಾಂ. 9ಕ್ಕೆ 1.

ಹಾಗಾಗಿ ನನ್ನ ಅಳತೆ ಹೀಗೆ: 60 ಮಿ.ಲೀ. ರೈ, 30 ಮಿ.ಲೀ. ಬತ್ತಿಸಿದ ಸೈಡರ್, 15 ಮಿ.ಲೀ. ತಾಜಾ ನಿಂಬೆರಸ, ಎರಡು ಡ್ಯಾಶ್ (ಬಾಟಲಿ ಎರಡು ಸಲ ಅಲ್ಲಾಡಿಸಿದಷ್ಟು) ಬಿಟರ್ಸ್. ಐಸ್ ಹಾಕಿ 10–12 ಸೆಕೆಂಡ್ ಜೋರಾಗಿ ಶೇಕ್ ಮಾಡಿ. ಐಸ್ ಕರಗಿ ಸುಮಾರು 30 ಮಿ.ಲೀ. ನೀರು ಸೇರುತ್ತೆ, ಅದು ಬೇಕು, ಅದಿಲ್ಲದಿದ್ದರೆ ಗಂಟಲು ಸುಡುತ್ತೆ. ಗ್ಲಾಸಿಗೆ ಬರೋದು 135 ಮಿ.ಲೀ., ಶಕ್ತಿ 20 ಪರ್ಸೆಂಟ್. ಇಲ್ಲಿ ವಿಸ್ಕಿ ಸಿಗುತ್ತೆ, ಸೇಬೂ ಸಿಗುತ್ತೆ.

ಹುಳಿಸೇಬು:
ಸಿಗೋದು ಬೆಂದ ಸೇಬು. ತಾಜಾ ಸೇಬಲ್ಲ. ಎಲ್ಲರೂ ಬತ್ತಿಸಿ ಬತ್ತಿಸಿ ಅಂತೀರಿ, ಒಂದು ಗಂಟೆ ಹತ್ತಿರ ಕುದಿಸಿದ ಮೇಲೆ ಹಣ್ಣಿನ ಮೇಲ್ಭಾಗದ ಪರಿಮಳ ಅಡುಗೆಮನೆಯ ಗಾಳಿಗೆ ಹೋಗಿರುತ್ತೆ. ಮನೆಯೆಲ್ಲ ಘಮ್ ಅಂತಿದೆ ಅಂದ್ರೆ ಆ ಘಮ ಪಾತ್ರೆಯಲ್ಲಿಲ್ಲ ಅಂತಲೇ ಅರ್ಥ ಅಲ್ವಾ? ಉಳಿಯೋದು ಜಾಮ್ ರುಚಿ.

ನನ್ನ ದಾರಿ ಫ್ರೀಜರ್. ಸೈಡರ್ ಅನ್ನು ಪ್ಲಾಸ್ಟಿಕ್ ಬಾಟಲಿಯಲ್ಲಿ ಮುಕ್ಕಾಲು ತುಂಬಿಸಿ ಗಟ್ಟಿಯಾಗೋಕೆ ಬಿಡಿ. ಜಾಗ ಬಿಡಲೇಬೇಕು, ನೀರು ಹೆಪ್ಪುಗಟ್ಟಿದಾಗ ಹತ್ತಿರ ಹತ್ತಿರ 9 ಪರ್ಸೆಂಟ್ ಹಿಗ್ಗುತ್ತೆ. ಗಾಜಿನ ಬಾಟಲಿ ಬೇಡವೇ ಬೇಡ. ಪೂರ್ತಿ ಗಟ್ಟಿಯಾದ ಮೇಲೆ ಮುಚ್ಚಳ ತೆಗೆದು ಒಂದು ಜಾಡಿಯ ಮೇಲೆ ತಲೆಕೆಳಗಾಗಿ ನಿಲ್ಲಿಸಿ ಫ್ರಿಡ್ಜ್‌ನಲ್ಲಿಡಿ. ಸಕ್ಕರೆ, ಹುಳಿ ಇರೋ ಭಾಗ ಮೊದಲು ಕರಗಿ ಇಳಿಯುತ್ತೆ, ಬರೀ ನೀರಿನ ಬಿಳಿ ಐಸ್ ಬಾಟಲಿಯಲ್ಲೇ ಉಳಿಯುತ್ತೆ. ಮೊದಲ ಮೂರನೇ ಒಂದು ಪಾಲು ಇಳಿದ ಮೇಲೆ ನಿಲ್ಲಿಸಿಬಿಡಿ. ಗಾಢ ಬಣ್ಣ, ಮಂದ, ಆದರೆ ಈಗಷ್ಟೇ ಹಣ್ಣು ಕಚ್ಚಿದ ಹಾಗಿರುತ್ತೆ.

ಇದೂ ಹಳೇ ಉಪಾಯವೇ. ಚಳಿ ದೇಶದ ರೈತರು ಹುಳಿ ಬಂದ ಸೈಡರ್ ಅನ್ನು ಹೊರಗೆ ಹೆಪ್ಪುಗಟ್ಟಿಸಿ, ಐಸ್ ತೆಗೆದು ಬಿಸಾಕಿ, ಉಳಿದದ್ದನ್ನು ಕುಡಿಯುತ್ತಿದ್ದರು, ಅದೇ ಆ್ಯಪಲ್‌ಜಾಕ್. ಈಗ ಬಾಟಲಿಯಲ್ಲಿ ಬರೋ ಆ್ಯಪಲ್‌ಜಾಕ್ ಬಟ್ಟಿ ಇಳಿಸಿದ್ದು, ಅದು ಬೇರೆ. ಅದನ್ನೇ ಮನೆಯಲ್ಲಿ ಮಾಡೋಕೆ ಹೋಗಬೇಡಿ, ಬಟ್ಟಿಯಲ್ಲಿ ಬೇಡದ್ದನ್ನು ಬೇರೆ ಮಾಡಬಹುದು, ಹೆಪ್ಪುಗಟ್ಟಿಸಿದಾಗ ನೀರು ಬಿಟ್ಟು ಎಲ್ಲವೂ ಒಳಗೇ ಉಳಿಯುತ್ತೆ. ನಾನು ಹೇಳ್ತಿರೋದು ಬರೀ ಹಣ್ಣಿನ ರಸದ ವಿಚಾರ.

ಚಕ್ಕೆಮೊಗ್ಗು:
ಜಾಮ್ ರುಚಿ ಅಂತ ಹೀಗಳೆಯಬೇಡಿ. ಓಕ್ ಪೀಪಾಯಿಯಿಂದ ಬಂದ ವಿಸ್ಕಿಗೆ ಬೆಂದ ಸೇಬೇ ಜೋಡಿ. ತಾಜಾ ಸೇಬು ಬೇಕಾದರೆ ಅದು ಜಿನ್‌ಗೋ ವೋಡ್ಕಾಗೋ ಹೋಗಲಿ. ಶರತ್ಕಾಲದ ಗ್ಲಾಸು ಅಂದ ಮೇಲೆ ಒಲೆಯ ವಾಸನೆ ಇರಬೇಕು.

ಹುಳಿಸೇಬು:
ಅದು ನಿಮ್ಮ ರುಚಿ ಮೇಡಂ. ನನಗೆ ಬೆಂದಿದ್ದು ಬೇಕಾದರೆ ಬರ್ಬನ್‌ನಲ್ಲೇ ಇದೆ, ಮತ್ತೆ ಯಾಕೆ ಬೇಯಿಸಲಿ? ಆ ಕಡೆ ಗಾಢ, ಈ ಕಡೆ ತಾಜಾ, ಆಗ ತಾನೆ ಎರಡೂ ಗೊತ್ತಾಗೋದು. ಪೀಪಾಯಿಮಾಮ ರೈ ಬಗ್ಗೆ ಹೇಳಿದ್ದೂ ಇದೇ.

ರಾತ್ರಿಪಾಳಿ:
ಇಬ್ಬರೂ ಅರ್ಧರ್ಧ ಮಾಡಬಹುದು. ಬತ್ತಿಸಿದ್ದು 20 ಮಿ.ಲೀ., ತಾಜಾ ಸೈಡರ್ 30 ಮಿ.ಲೀ. ನಾನು ಹಾಗೇ ಮಾಡೋದು. ಬುಡಕ್ಕೆ ಬೆಂದ ರುಚಿ, ಮೂಗಿಗೆ ಹಸಿ ಸೇಬು. ಸ್ವಲ್ಪ ತೆಳುವಾಗುತ್ತೆ, ಅದಕ್ಕೆ ಶೇಕ್ ಮಾಡೋದು ಎರಡು ಮೂರು ಸೆಕೆಂಡ್ ಕಮ್ಮಿ.

ಒಂದು ಮಾತು, ಪಾಶ್ಚರೀಕರಿಸದ ಸೈಡರ್ ಆದರೆ ಹುಳಿಸೇಬಿನವರ ಫ್ರೀಜರ್ ದಾರಿ ಬೇಡ. ಹೆಪ್ಪುಗಟ್ಟಿಸಿದರೆ ಬ್ಯಾಕ್ಟೀರಿಯಾ ಸಾಯಲ್ಲ, ಸುಮ್ಮನೆ ಮಲಗಿರುತ್ತವೆ. ನೆಲಕ್ಕೆ ಬಿದ್ದ ಹಣ್ಣು ಸೇರಿಸಿ ಹಿಂಡಿದ ರಸದಿಂದ ಇ. ಕೋಲೈ ಹರಡಿದ ಉದಾಹರಣೆಗಳಿವೆ, ಅಮೆರಿಕದಲ್ಲಿ ಅಂಥ ಬಾಟಲಿಗಳ ಮೇಲೆ ಎಚ್ಚರಿಕೆ ಚೀಟಿ ಕಡ್ಡಾಯ ಆದದ್ದು 1998ರಲ್ಲಿ. ಸ್ವಲ್ಪ ವಿಸ್ಕಿ ಬಿದ್ದ ಮಾತ್ರಕ್ಕೆ ಅದು ಶುದ್ಧ ಆಗಲ್ಲ. ಅಂಥದ್ದಾದರೆ ಚಕ್ಕೆಮೊಗ್ಗು ಅಕ್ಕನ ದಾರಿಯೇ ಸರಿ, ಕುದಿಸಿದ ಮೇಲೆ ಚಿಂತೆ ಇಲ್ಲ.

ಸಣ್ಣಪುಟ್ಟ:
ಸೈಡರ್ ಸಿಗಲೇ ಇಲ್ಲ ಅಂದ್ರೆ? ಡಬ್ಬದಲ್ಲಿ ಬರೋ ತಿಳಿ ಸೇಬಿನ ಜ್ಯೂಸ್ ನಡೆಯುತ್ತಾ? ಅಥವಾ ಆ್ಯಪಲ್ ಸೈಡರ್ ವಿನೆಗರ್ ಮನೆಯಲ್ಲಿದೆ, ಅದನ್ನೇ ನೀರಿಗೆ ಹಾಕಿ...

ಚಕ್ಕೆಮೊಗ್ಗು:
ಅಯ್ಯೋ ವಿನೆಗರ್ ಮುಟ್ಟಬೇಡಿ! ಅದು ಸೈಡರ್‌ನ ಸಕ್ಕರೆ ಪೂರ್ತಿ ಹೋಗಿ, ಅಮಲೂ ಹೋಗಿ ಉಳಿದ ಹುಳಿ. ಡಬ್ಬದ ಜ್ಯೂಸ್ ನಡೆಯುತ್ತೆ, ಸಕ್ಕರೆ ಸೇರಿಸದೇ ಇರೋದು ತಗೊಳ್ಳಿ. ಆದರೆ ಸೋಸಿ ತಿಳಿ ಮಾಡಿದ್ದರಲ್ಲಿ ಮೈ ಇರಲ್ಲ, ಹೀಗಾಗಿ ಹುಳಿ ಇರೋ ಹಸಿರು ಸೇಬು ಎರಡು ಸಿಪ್ಪೆ ಸಮೇತ ಮಿಕ್ಸಿಯಲ್ಲಿ ರುಬ್ಬಿ, ಬಟ್ಟೆಯಲ್ಲಿ ಹಿಂಡಿ ಅದಕ್ಕೆ ಸೇರಿಸಿ. ಕಂದು ತಿರುಗಿದರೆ ತಿರುಗಲಿ, ಸೈಡರ್‌ನ ಬಣ್ಣವೂ ಹಾಗೇ ಬರೋದು. ಬತ್ತಿಸೋಕೂ ಇದು ಒಗ್ಗುತ್ತೆ.

ಪೀಪಾಯಿಮಾಮ:
ವಿನೆಗರ್ ಪೂರ್ತಿ ತಳ್ಳಿಹಾಕಬೇಡಿ ತಂಗಿ. ನಿಂಬೆ ಇಲ್ಲದಾಗ ಕಾಲು ಚಮಚ ವಿನೆಗರ್ ಶೇಕರ್‌ಗೆ ಹಾಕಿದರೆ ಬೇರೆಯದೇ ಚುರುಕು ಬರುತ್ತೆ. ಕಾಲು ಚಮಚ. ಅದಕ್ಕಿಂತ ಜಾಸ್ತಿ ಆದ್ರೆ ಉಪ್ಪಿನಕಾಯಿ.

ಮಂಜುಗಡ್ಡೆ:
ಬತ್ತಿಸಿ ನೋಡಿದೆ, ಮೇಷ್ಟ್ರ ಅಳತೆಯಲ್ಲೇ, ರೈ ಹಾಕಿ. ಇದು ಬೇರೆಯದೇ ಪಾನೀಯ, ಮೊದಲಿನದಕ್ಕೂ ಇದಕ್ಕೂ ಸಂಬಂಧವೇ ಇಲ್ಲ. ನಿಂಬೆ ಮಾತ್ರ ನನಗೆ ಒಂದು ಗುಟುಕು ಮುಂದೆ ಬಂತು. ಸೇಬಿನ ಹುಳಿ ಆಮೇಲೆ ನಿಧಾನಕ್ಕೆ ಬರುತ್ತೆ, ನಿಂಬೆ ಮೊದಲೇ ಕಚ್ಚುತ್ತೆ. ಕಮ್ಮಿ ಮಾಡಲಾ?

ಲೆಕ್ಕದಮೇಷ್ಟ್ರು:
12 ಮಿ.ಲೀ. ಮಾಡಿ ನೋಡಿ. ನಿಮ್ಮ ನಾಲಿಗೆ ಹೇಳ್ತಿರೋದು ಸರಿ, ನಿಂಬೆಯ ಸಿಟ್ರಿಕ್ ಆಮ್ಲ ತಕ್ಷಣ ಹೊಡೆದು ಹೋಗುತ್ತೆ, ಸೇಬಿನ ಮ್ಯಾಲಿಕ್ ನಿಧಾನಕ್ಕೆ ಏರಿ ಜಾಸ್ತಿ ಹೊತ್ತು ನಿಲ್ಲುತ್ತೆ. ಪ್ರತಿ ಸೈಡರ್‌ನ ಹುಳಿಯೂ ಒಂದೇ ಇರಲ್ಲ, ಹಣ್ಣಿನ ಜಾತಿ ಮೇಲೆ ಹೋಗುತ್ತೆ. ಹಾಗಾಗಿ ಬತ್ತಿಸಿದ ಮೇಲೆ ಒಂದು ಹನಿ ನಾಲಿಗೆ ಮೇಲಿಟ್ಟು ನೋಡಿ ಆಮೇಲೆ ನಿಂಬೆ ಅಳೆಯಿರಿ. ಒಂದು ಚಿಟಿಕೆಯ ಚಿಟಿಕೆ ಉಪ್ಪೂ ಹಾಕಿ, ಉಪ್ಪಿನ ರುಚಿ ಬರಬಾರದು, ಕಹಿ ಸ್ವಲ್ಪ ತಗ್ಗಿ ಸೇಬು ಸ್ಪಷ್ಟ ಆಗುತ್ತೆ.

ಸಣ್ಣಪುಟ್ಟ:
ಗ್ಲಾಸಿನ ಅಂಚಿಗೆ ಚಕ್ಕೆಪುಡಿ ಸಕ್ಕರೆ ಹಚ್ಚುತ್ತಾರಲ್ಲ, ಅದು ಹೇಗೆ ನಿಲ್ಲಿಸೋದು?

ಹುಳಿಸೇಬು:
ನಿಲ್ಲಿಸಬೇಡಿ. ಇಷ್ಟು ಹೊತ್ತು ಸಿಹಿ ಕಮ್ಮಿ ಮಾಡೋಕೆ ಹೆಣಗಿ, ಕೊನೆಗೆ ಅಂಚಿಗೆ ಸಕ್ಕರೆ ಮೆತ್ತೋದಾ? ತೆಳ್ಳಗೆ ಹೆಚ್ಚಿದ ಸೇಬಿನ ಎರಡು ಬಿಲ್ಲೆ ನಿಂಬೆನೀರಿಗೆ ಅದ್ದಿ ಇಡಿ, ಕಪ್ಪಾಗಲ್ಲ. ಸಾಕು. ಚಕ್ಕೆ ಕಡ್ಡಿಯನ್ನು ಗ್ಲಾಸಿನೊಳಗೆ ನಿಲ್ಲಿಸೋದೂ ಬರೀ ಫೋಟೋಗೆ. ತಣ್ಣಗಿನ ಪಾನೀಯದಲ್ಲಿ ಅದು ರುಚಿ ಬಿಡೋ ಹೊತ್ತಿಗೆ ಗ್ಲಾಸು ಖಾಲಿಯಾಗಿರುತ್ತೆ, ಕುಡಿಯೋವಾಗ ಮೂಗಿಗೆ ಚುಚ್ಚುತ್ತೆ ಅಷ್ಟೇ.

ರಾತ್ರಿಪಾಳಿ:
ಚಳಿ ಜೋರಾದ ಮೇಲೆ ಬಿಸಿ ಮಾಡಿ ಕುಡಿಯೋರು ಯಾರೂ ಇಲ್ವಾ? ನನ್ನ ಲೆಕ್ಕ: ದಪ್ಪ ಮಗ್ಗು, ಮೊದಲು ಕುದಿವ ನೀರು ಹಾಕಿ ಬಿಸಿ ಮಾಡಿ ಚೆಲ್ಲಬೇಕು. ಬತ್ತಿಸದ ಸೈಡರ್ 150 ಮಿ.ಲೀ. ಎರಡು ಬಿಲ್ಲೆ ಶುಂಠಿ ಹಾಕಿ ಚೆನ್ನಾಗಿ ಬಿಸಿ ಮಾಡಿ, ಒಲೆಯಿಂದ ಇಳಿಸಿ, ಮಗ್ಗಿನಲ್ಲಿ 45 ಮಿ.ಲೀ. ವಿಸ್ಕಿ ಇರುತ್ತಲ್ಲ ಅದರ ಮೇಲೆ ಸುರಿಯಬೇಕು. ನಿಂಬೆಯ ಒಂದು ಬಿಲ್ಲೆ. ವಿಸ್ಕಿಯನ್ನು ಒಲೆ ಮೇಲೆ ಸೈಡರ್ ಜೊತೆ ಕುದಿಸಬಾರದು. ಆಲ್ಕೋಹಾಲ್ ಕುದಿಯೋದು 78 ಡಿಗ್ರಿಗೇ, ಪೂರ್ತಿ ಹಾರಿಹೋಗಲ್ಲ ಆದರೆ ಒಳ್ಳೆಯ ಪರಿಮಳ ಮೊದಲು ಹೋಗುತ್ತೆ. ಗ್ಯಾಸ್ ಒಲೆ ಆದರೆ ಆವಿಗೆ ಬೆಂಕಿ ಹತ್ತೋ ಭಯವೂ ಇದೆ.

ಬಿಸಿಯಲ್ಲಿ ಐಸ್ ಇಲ್ಲ, ಕರಗೋದಿಲ್ಲ, ಅದಕ್ಕೆ ಇಲ್ಲಿ ಬತ್ತಿಸೋ ಅಗತ್ಯ ಕಾಣಲ್ಲ. ಬರ್ಬನ್ ಕೂಡ ಬಿಸಿಯಲ್ಲಿ ರೈಗಿಂತ ಚೆನ್ನ, ಮಾಮ ಬೈದರೂ ಪರವಾಗಿಲ್ಲ.

ಪೀಪಾಯಿಮಾಮ:
ಬಿಸಿಗೆ ಬರ್ಬನ್ ಒಪ್ಪಿದೆ. ಇನ್ನೂ ಒಂದು ಹೆಜ್ಜೆ ಮುಂದೆ ಹೋಗೋರು ಹೊಗೆ ವಾಸನೆಯ ಸ್ಕಾಚ್ ಒಂದೇ ಒಂದು ಚಮಚ ಕೊನೆಗೆ ಮೇಲೆ ತೇಲಿಸಿ. ಸ್ಯಾಮ್ ರಾಸ್ ಅನ್ನೋ ಬಾರ್‌ಟೆಂಡರ್ 2005ರ ಸುಮಾರಿಗೆ ನ್ಯೂಯಾರ್ಕಿನಲ್ಲಿ ಪೆನಿಸಿಲಿನ್ ಅನ್ನೋ ಕಾಕ್‌ಟೇಲ್ ಮಾಡಿದ್ದು ಇದೇ ಉಪಾಯದಿಂದ: ಸ್ಕಾಚ್, ನಿಂಬೆ, ಜೇನು, ಶುಂಠಿ, ಮೇಲೆ ಹೊಗೆಯ ಒಂದು ಪದರ. ಜೇನಿನ ಜಾಗಕ್ಕೆ ಬತ್ತಿಸಿದ ಸೈಡರ್ ಇಟ್ಟರೆ ಅದೂ ನಮ್ಮ ಸೀಸನ್ನಿನದೇ ಆಗುತ್ತೆ. ತಣ್ಣಗಿನದರಲ್ಲೂ ಮಾಡಬಹುದು, ನಾನಂತೂ ತಣ್ಣಗಿನದರಲ್ಲೇ ಇಷ್ಟಪಡೋದು.

ತೆಪ್ಪಗಿರೋನು:
ನೆಗಡಿ ಆಗಿದೆ. ರಾತ್ರಿಪಾಳಿಯವರ ಬಿಸಿ ಮಗ್ಗು, ಜೊತೆಗೆ ಒಂದು ಜ್ವರದ ಮಾತ್ರೆ, ಮಲಗಿದರೆ ಬೆಳಗ್ಗೆ ಸರಿ ಹೋಗುತ್ತೆ ಅಲ್ವಾ?

ಚಕ್ಕೆಮೊಗ್ಗು:
ತಮಾಷೆಗಾದರೂ ಹಾಗೆ ಮಾಡಬೇಡಿ. ಜ್ವರದ ಮಾತ್ರೆಯ ಪ್ಯಾರಸಿಟಮಾಲ್ ಮತ್ತು ಮದ್ಯ ಎರಡೂ ಲಿವರ್ ಮೇಲೇ ಭಾರ. ನೆಗಡಿ ಮಾತ್ರೆಗಳಲ್ಲಿ ನಿದ್ದೆ ಬರಿಸೋವು ಇರುತ್ತವೆ, ಅವಕ್ಕೂ ಮದ್ಯಕ್ಕೂ ಆಗೋದೇ ಇಲ್ಲ. ಮಾತ್ರೆ ತಗೊಂಡ ದಿನ ವಿಸ್ಕಿ ಬಿಟ್ಟು ಬರೀ ಬಿಸಿ ಸೈಡರ್, ಶುಂಠಿ, ನಿಂಬೆ ಕುಡಿದು ಮಲಗಿ. ಅದೇ ಹಿತ.

ತೆಪ್ಪಗಿರೋನು:
ಸರಿ ಅಕ್ಕಾ. ತೆಪ್ಪಗಿರ್ತೀನಿ.

ಸಣ್ಣಪುಟ್ಟ:
ಎಂಟು ಜನ ಬರ್ತಾರೆ. ಒಬ್ಬೊಬ್ಬರಿಗೂ ಶೇಕರ್ ಕುಲುಕುತ್ತ ನಿಂತರೆ ನಾನು ಯಾರ ಜೊತೆಯೂ ಮಾತಾಡಿದ ಹಾಗಿರಲ್ಲ. ಮೊದಲೇ ಜಗ್ಗಿನಲ್ಲಿ ಬೆರೆಸಿಡಬಹುದಾ?

ಲೆಕ್ಕದಮೇಷ್ಟ್ರು:
ಧಾರಾಳವಾಗಿ. 480 ಮಿ.ಲೀ. ರೈ, 240 ಮಿ.ಲೀ. ಬತ್ತಿಸಿದ ಸೈಡರ್, ಅಂದರೆ ಒಂದು ಲೀಟರ್ ಬತ್ತಿಸಿದರೆ ಸರಿಹೋಗುತ್ತೆ. ನಿಂಬೆರಸ 120 ಮಿ.ಲೀ. ಬಿಟರ್ಸ್ ಎಂಟು ಪಟ್ಟು ಮಾಡಬೇಡಿ, ಹತ್ತು ಹನ್ನೆರಡು ಡ್ಯಾಶ್ ಹಾಕಿ ರುಚಿ ನೋಡಿ. ಎಲ್ಲರೂ ಮರೆಯೋದು ನೀರು. ಶೇಕ್ ಮಾಡದ ಮೇಲೆ ಐಸ್ ನೀರು ಎಲ್ಲಿಂದ ಬರಬೇಕು? 240 ಮಿ.ಲೀ. ತಣ್ಣೀರು ನೀವೇ ಸೇರಿಸಿ. ಒಟ್ಟು ಒಂದು ಲೀಟರ್ ಮೇಲೆ ಸ್ವಲ್ಪ ಆಗುತ್ತೆ. ಫ್ರಿಡ್ಜ್‌ನಲ್ಲಿ ಚೆನ್ನಾಗಿ ತಣ್ಣಗಾಗಲಿ, ಗ್ಲಾಸಿಗೆ ಒಂದೊಂದು ದೊಡ್ಡ ಐಸ್ ಹಾಕಿ ಸುರಿಯಿರಿ. ದೊಡ್ಡದು ನಿಧಾನ ಕರಗುತ್ತೆ. ನಿಂಬೆರಸ ಮಾತ್ರ ಅದೇ ದಿನ ಹಿಂಡಿ, ಹಿಂದಿನ ದಿನದ್ದು ಮಂಕಾಗಿರುತ್ತೆ. ಉಳಿದದ್ದೆಲ್ಲ ಮುಂಚಿನ ದಿನವೇ ಬೆರೆಸಿಡಬಹುದು. ಸೈಡರ್‌ನ ಗಸಿ ಕೆಳಗೆ ಕೂತಿರುತ್ತೆ, ಸುರಿಯೋ ಮುಂಚೆ ಒಮ್ಮೆ ಕಲಕಿ.

ಒಂದು ಎಚ್ಚರಿಕೆ. ಒಂದು ಗ್ಲಾಸಿನಲ್ಲಿ ಶುದ್ಧ ಆಲ್ಕೋಹಾಲ್ 27 ಮಿ.ಲೀ. ಅಮೆರಿಕದ ಲೆಕ್ಕದಲ್ಲಿ ಒಂದು ಡ್ರಿಂಕ್ ಅಂದ್ರೆ ಸುಮಾರು 18 ಮಿ.ಲೀ. ಹಾಗಾಗಿ ಇದು ಒಂದೂವರೆ. ಸೇಬಿನ ರುಚಿಗೆ ಜ್ಯೂಸಿನ ಹಾಗೆ ಇಳಿದುಹೋಗುತ್ತೆ, ಎರಡನೇ ಗ್ಲಾಸು ಮುಗಿಸಿದವರು ಮೂರು ಕುಡಿದಿರ್ತಾರೆ. ಗಾಡಿ ಓಡಿಸೋರಿಗೆ ಮೊದಲೇ ಹೇಳಿಬಿಡಿ.

ಸಣ್ಣಪುಟ್ಟ:
ಅವರಲ್ಲಿ ಇಬ್ಬರು ಕುಡಿಯೋದೇ ಇಲ್ಲ. ಅವರಿಗೆ ಬರೀ ಸೈಡರ್ ಕೊಟ್ಟರೆ ಒಂಥರಾ ಅನ್ನಿಸುತ್ತೆ.

ಚಕ್ಕೆಮೊಗ್ಗು:
ಬತ್ತಿಸಿದ ಸೈಡರ್ 30, ನಿಂಬೆ 15, ಗಟ್ಟಿ ಕಪ್ಪು ಟೀ ಡಿಕಾಕ್ಷನ್ ತಣ್ಣಗೆ ಮಾಡಿದ್ದು 60, ಮೇಲೆ ಸೋಡಾ. ಓಕ್ ಪೀಪಾಯಿಯ ಒಗರು ಟೀಯಿಂದ ಬರುತ್ತೆ. ಬಿಟರ್ಸ್ ಹಾಕಬೇಡಿ, ಅಂಗೋಸ್ಟುರಾದಲ್ಲೇ 44.7 ಪರ್ಸೆಂಟ್ ಆಲ್ಕೋಹಾಲ್ ಇದೆ, ಹನಿಯಷ್ಟೇ ಆದರೂ ಪೂರ್ತಿ ಬೇಡ ಅನ್ನೋರಿಗೆ ಕೇಳದೆ ಹಾಕೋದು ಸರಿಯಲ್ಲ. ಕಿತ್ತಳೆ ಸಿಪ್ಪೆ ಗ್ಲಾಸಿನ ಮೇಲೆ ತಿರುಚಿ ಎಣ್ಣೆ ಬಿಡಿಸಿ.

ಹುಳಿಸೇಬು:
ಹುದುಗು ಬಂದ ಸೈಡರ್ ಬಗ್ಗೆ ಯಾರೂ ಮಾತಾಡಲಿಲ್ಲ. ಸಿಹಿ ಇಲ್ಲದ, ಗುಳ್ಳೆ ಇರೋ ಒಣ ಸೈಡರ್ ಸಿಕ್ಕರೆ ಬತ್ತಿಸೋ ತಲೆನೋವೇ ಇಲ್ಲ. 45 ಮಿ.ಲೀ. ವಿಸ್ಕಿ, 15 ಮಿ.ಲೀ. ನಿಂಬೆ, 15 ಮಿ.ಲೀ. ಜೇನು (ಸಮ ಬಿಸಿನೀರಲ್ಲಿ ಕರಗಿಸಿದ್ದು) ಶೇಕ್ ಮಾಡಿ ಐಸ್ ಇರೋ ಉದ್ದ ಗ್ಲಾಸಿಗೆ ಸೋಸಿ, ಆಮೇಲೆ 90 ಮಿ.ಲೀ. ಸೈಡರ್ ಮೆಲ್ಲಗೆ ಸುರಿಯಿರಿ. ಸೈಡರ್ ಅನ್ನು ಶೇಕರ್‌ಗೆ ಹಾಕಬೇಡಿ, ಮುಚ್ಚಳ ಹಾರಿ ಗೋಡೆಗೆ ಬಡಿಯುತ್ತೆ.

ಮಂಜುಗಡ್ಡೆ:
ಇದನ್ನೂ ಬರೆದಿಟ್ಟುಕೊಂಡೆ. ಒಂದು ಕೊನೆ ಪ್ರಶ್ನೆ. ಬತ್ತಿಸಿದ್ದು ಎಷ್ಟು ದಿನ ಇಡಬಹುದು? ಮತ್ತೆ ಎರಡನೇ ಸಲ ಮಾಡಿದ್ದು ಫ್ರಿಡ್ಜ್‌ನಲ್ಲಿ ಬೆಳಗಾಗೋದರಲ್ಲಿ ಮುದ್ದೆ ಆಗಿದೆ, ಚಮಚ ನಿಂತುಕೊಳ್ಳುತ್ತೆ.

ಚಕ್ಕೆಮೊಗ್ಗು:
ಗುರುತಿಗಿಂತ ಕೆಳಗೆ ಇಳಿಸಿದ್ದೀರಿ. ಸೇಬಿನಲ್ಲಿ ಪೆಕ್ಟಿನ್ ಇದೆ, ಸಕ್ಕರೆ ಮತ್ತು ಹುಳಿ ಗಾಢವಾದರೆ ಅದು ಜೆಲ್ಲಿ ಕಟ್ಟುತ್ತೆ. ಅಮೆರಿಕದ ನ್ಯೂ ಇಂಗ್ಲೆಂಡ್ ಕಡೆ ಬೇರೇನೂ ಹಾಕದೆ ಬರೀ ಸೈಡರ್ ಕುದಿಸಿ ಕುದಿಸಿ ಹೀಗೇ ಜೆಲ್ಲಿ ಮಾಡುತ್ತಾರೆ. ಬಿಸಾಕಬೇಡಿ. ಪಾತ್ರೆಗೆ ಹಾಕಿ ಸ್ವಲ್ಪ ಬಿಸಿನೀರು ಸೇರಿಸಿ ಸಣ್ಣ ಉರಿಯಲ್ಲಿ ಕಲಕಿ, ಕಡ್ಡಿಯ ಗುರುತಿಗೆ ಮತ್ತೆ ತನ್ನಿ, ಸರಿಹೋಗುತ್ತೆ. ಫ್ರಿಡ್ಜ್‌ನಲ್ಲಿ ಕುದಿನೀರಲ್ಲಿ ತೊಳೆದ ಬಾಟಲಿಯಲ್ಲಿಟ್ಟರೆ ಎರಡು ವಾರ ಧೈರ್ಯವಾಗಿ ಬಳಸಬಹುದು. ಅದಕ್ಕಿಂತ ಜಾಸ್ತಿ ದಿನಕ್ಕೆ ಬೇಕಾದರೆ ಐಸ್ ಟ್ರೇನಲ್ಲಿ ಹಾಕಿ ಫ್ರೀಜರ್‌ಗೆ ಇಡಿ. ಟ್ರೇಯ ಒಂದು ಗುಳಿ ಎಷ್ಟು ಮಿ.ಲೀ. ಹಿಡಿಯುತ್ತೆ ಅಂತ ಮೊದಲು ನೀರು ಹಾಕಿ ಅಳೆದುಕೊಳ್ಳಿ, ಆಮೇಲೆ ಗ್ಲಾಸಿಗೆ ಎಷ್ಟು ತುಂಡು ಅಂತ ಲೆಕ್ಕ ಸಿಗುತ್ತೆ. ಸಕ್ಕರೆ ಇರೋದ್ರಿಂದ ಕಲ್ಲಿನಷ್ಟು ಗಟ್ಟಿ ಆಗಲ್ಲ, ಶೇಕರ್‌ಗೆ ಹಾಗೇ ಹಾಕಿ ವಿಸ್ಕಿ ಸುರಿದು ಒಂದು ನಿಮಿಷ ಬಿಟ್ಟರೆ ಕರಗುತ್ತೆ. ಮೇಲೆ ಬಿಳಿ ಬೂಷ್ಟು ಕಂಡರೆ ಮಾತ್ರ ಕೆರೆದು ಬಳಸಬೇಡಿ, ಪೂರ್ತಿ ಚೆಲ್ಲಿ.